ಒತ್ತುನಲ್ಲಿ, ಹೆಬ್ಬೆರಳು ಮತ್ತು ಸೆರೆಸಿಕ್ಕ ರುಬ್ಬುಗುಂಡು

ಊರಿನ ನಲ್ಲಿಗಳನ್ನು ಆಳುವ ಮಾನ್ಯ ಅಧಿಕಾರಿಗಳೇ,

ನಮ್ಮ ಮನೆಯ ರುಬ್ಬುಗುಂಡನ್ನು ದಯಮಾಡಿ ಬಿಡುಗಡೆ ಮಾಡಿ. ಅದು ಯಾರ ತಲೆಯನ್ನೂ ಒಡೆದಿಲ್ಲ. ಹೋದ ವಾರದಿಂದ ತಮ್ಮ ಕುರ್ಚಿಯ ಹಿಂದಿನ ಮೂಲೆಯಲ್ಲಿ ಅದು ಸೆರೆಯಲ್ಲಿದೆ. ಅದರ ಮೇಲಿರುವ ಆರೋಪ, ಸಾರ್ವಜನಿಕ ನಲ್ಲಿಯ ತಲೆಯನ್ನು ಅನಧಿಕೃತವಾಗಿ ಒತ್ತಿದ್ದು. ಒತ್ತಿದ್ದು ನಿಜ. ಯಾಕೆ ಒತ್ತಿತು ಎಂದು ಕೇಳುವ ವ್ಯವಧಾನ ಮಾತ್ರ ತಮ್ಮ ಕಚೇರಿಯಲ್ಲಿ ಯಾರಿಗೂ ಇರಲಿಲ್ಲ. ಖುದ್ದಾಗಿ ಹೇಳೋಣವೆಂದು ಬಂದಾಗಲೆಲ್ಲ ತಾವು ಸರ್ಕೀಟಿನ ಮೇಲೆ ಹೋಗಿರುತ್ತೀರಿ, ತಮ್ಮ ಚಪ್ಪಲಿ ಮಾತ್ರ ಬಾಗಿಲಲ್ಲೇ ಇರುತ್ತದೆ. ಆದ್ದರಿಂದ ಊರೆಲ್ಲ ಓದುವ ಪತ್ರಿಕೆಯಲ್ಲಿ ಬರೆಯುತ್ತಿದ್ದೇನೆ.

ಭದ್ರಾವತಿಯ ಓಲ್ಡ್ ಟೌನಿನಲ್ಲಿ ನಮ್ಮ ಬೀದಿಗೆ ಇರುವುದು ಒಂದೇ ನಲ್ಲಿ. ಮೊದಲು ಅದು ಎಲ್ಲ ನಲ್ಲಿಗಳಂತೆ ತಿರುಗಿಸಿದರೆ ನೀರು ಕೊಡುತ್ತಿತ್ತು. ಜನ ನೀರು ಪೋಲು ಮಾಡುತ್ತಾರೆಂದು ತಾವು ಅದನ್ನು ಕಿತ್ತುಹಾಕಿ ಸ್ಪ್ರಿಂಗಿನ ಒತ್ತುನಲ್ಲಿಯನ್ನು ಹಾಕಿಸಿದಿರಿ. ತಲೆಯನ್ನು ಒತ್ತಿ ಹಿಡಿದಷ್ಟು ಹೊತ್ತು ನೀರು, ಬಿಟ್ಟರೆ ‘ಟಕ್’ ಎಂದು ಬಂದ್. ಆ ತಲೆಯೋ ಗೋಟಡಿಕೆಯ ಗಾತ್ರ. ಅಂಗೈ ಇಟ್ಟರೆ ಜಾರುತ್ತದೆ, ಬೇರೆ ಬೆರಳಿಗೆ ಬಗ್ಗುವುದಿಲ್ಲ, ಹೆಬ್ಬೆರಳೇ ಆಗಬೇಕು. ಸ್ಪ್ರಿಂಗು ಮಾತ್ರ ರೈಲುಗಾಡಿಗೆ ತರಿಸಿದ್ದು ದಾರಿ ತಪ್ಪಿ ಇಲ್ಲಿಗೆ ಬಂದಂತಿದೆ. ಇನ್ನು ನೀರಿನ ಧಾರೆಯ ಬಗ್ಗೆ ಹೇಳುವುದಾದರೆ, ಒಂದು ಕೊಡ ತುಂಬುವಷ್ಟರಲ್ಲಿ ನಮ್ಮ ಬೀದಿಯವರು ಒಂದು ಜಗಳ ತೆಗೆದು, ಆಡಿ ಮುಗಿಸಿ, ರಾಜಿಯನ್ನೂ ಮಾಡಿಕೊಳ್ಳಬಹುದು. ನೀರು ಉಳಿಯಿತೆಂದು ತಾವು ಮೇಲಿನವರಿಗೆ ವರದಿ ಕಳಿಸಿರಬೇಕು. ನಲ್ಲಿಯ ಕತ್ತಿನಿಂದ ಹಗಲಿರುಳು ಸೋರಿ ಚರಂಡಿ ಸೇರುವ ನೀರಿಗೆ ಯಾರ ಹೆಬ್ಬೆರಳೂ ಬೇಕಾಗಿಲ್ಲ. ಅದನ್ನೂ ವರದಿಯಲ್ಲಿ ಬರೆದಿರೋ ಇಲ್ಲವೋ ನನಗೆ ತಿಳಿಯದು.

ಇಂಥ ಹೊತ್ತಿನಲ್ಲಿ ನಮ್ಮ ಮಗಳು ಜಗದಾಂಬಾ ಚೊಚ್ಚಲ ಹೆರಿಗೆಗೆ ತವರಿಗೆ ಬಂದಳು. ಹೆಣ್ಣು ಮಗು ಹುಟ್ಟಿತು. ಮಾನ್ಯರೇ, ತಾವು ಬಾಣಂತಿಯ ಸ್ನಾನವನ್ನು ಕಂಡಿದ್ದೀರೋ ಇಲ್ಲವೋ! ಹಂಡೆಗಟ್ಟಲೆ ಬಿಸಿನೀರು ಹುಯ್ಯಬೇಕು, ಕೂಸಿಗೆ ಬೇರೆ ಎರೆಯಬೇಕು, ಬಟ್ಟೆಯ ರಾಶಿ ಒಗೆಯಬೇಕು. ಅಷ್ಟು ನೀರನ್ನೂ ನನ್ನ ಹೆಂಡತಿ ದಾಕ್ಷಾಯಣಿ ಒಂದೊಂದೇ ಕೊಡವಾಗಿ, ಒಂದೇ ಹೆಬ್ಬೆರಳಿನಿಂದ, ತಮ್ಮ ನಲ್ಲಿಯ ತಲೆಯೊತ್ತಿ ತಂದಳು. ಕೆಲವು ವಾರ ಕಳೆಯುವಷ್ಟರಲ್ಲಿ ಮಣಿಕಟ್ಟಿನ ಪಕ್ಕದಲ್ಲಿ, ಹೆಬ್ಬೆರಳಿನ ಬುಡಕ್ಕೆ, ಬಾವು ಬಂತು. ಸೌಟು ಹಿಡಿದರೆ ಸೌಟು ಬೀಳುತ್ತಿತ್ತು. ಸೆರಗು ಸಿಕ್ಕಿಸಲು ಹೋದರೆ ಕಣ್ಣಲ್ಲಿ ನೀರು ಬರುತ್ತಿತ್ತು.

ಊರೆಂದಮೇಲೆ ವೈದ್ಯರಿಗೇನು ಬರ? ಪಕ್ಕದ ಮನೆಯ ಹುಲಿಗೆಮ್ಮ ಸುಣ್ಣ ಬೆಲ್ಲ ಕಲಸಿ ಪಟ್ಟು ಹಾಕಿದಳು. ಅದು ಒಣಗಿ ಬಿಗಿದುಕೊಂಡಿತೇ ಹೊರತು ನೋವು ಅಲ್ಲೇ ಇತ್ತು. ಎತ್ತಿನ ವ್ಯಾಪಾರದ ಕರಿಯಣ್ಣ ಬಂದು ಬೆರಳನ್ನು ಲಟಕ್ಕೆಂದು ಎಳೆದು, “ಹೋಯ್ತು ನೋಡ್ರಿ” ಎಂದ. ಹೋದದ್ದು ಅವನು, ನೋವು ಉಳಿಯಿತು. ಕೊನೆಗೆ ಅಕ್ಕಿ ಗಿರಣಿಯ ಪುಟ್ಟಯ್ಯ ಬಂದ.

“ಇದು ಉಳುಕು ಕಣ್ರೀ ಮೇಷ್ಟ್ರೇ. ನಾನು ಕಾಲು ಮುಂದಾಗಿ ಹುಟ್ಟಿದೋನು. ಒಂದು ಸಲ ಮೆತ್ತಗೆ ತುಳಿದ್ರೆ ಸಾಕು, ಹಾರಿಹೋಗುತ್ತೆ.”

ಕಾಲು ಮುಂದಾಗಿ ಹುಟ್ಟಿದವರು ತುಳಿದರೆ ಉಳುಕು ಬಿಡುತ್ತದೆಂದು ನಮ್ಮಲ್ಲಿ ನಂಬಿಕೆ. ಸೊಂಟಕ್ಕೆ ಸರಿ, ಹೆಬ್ಬೆರಳಿಗೆ ಸರಿಯೇ ಎಂದು ನಾನಾದರೂ ಯೋಚಿಸಬೇಕಿತ್ತು. ಪುಟ್ಟಯ್ಯ ಕಾಲು ತೊಳೆದುಕೊಂಡು ಬಂದು ಭಕ್ತಿಯಿಂದಲೇ ತುಳಿದ. ಹಾರಿದ್ದು ಉಳುಕಲ್ಲ, ದಾಕ್ಷಾಯಣಿ. ಆ ಕಿರುಚಾಟಕ್ಕೆ ಕೂಸು ಎದ್ದು, ಕೂಸಿನ ಅಳುವಿಗೆ ಬೀದಿಯೇ ಎದ್ದಿತು.

ಮರುದಿನ ರೈಲು ಹತ್ತಿಸಿ ಶಿವಮೊಗ್ಗಕ್ಕೆ, ಡಾಕ್ಟರ್ ಷಡಕ್ಷರಪ್ಪನವರ ಹತ್ತಿರ ಕರೆದುಕೊಂಡು ಹೋದೆ. ಹೆಬ್ಬೆರಳನ್ನು ಮುಷ್ಟಿಯೊಳಗೆ ಮಡಚಿಸಿ, ಮುಷ್ಟಿಯನ್ನು ಕಿರುಬೆರಳಿನ ಕಡೆಗೆ ಬಗ್ಗಿಸಿ ಎಂದರು. ಇವಳು ಬಗ್ಗಿಸಿದಳು. ಹೊರಗೆ ಕಾಯುತ್ತಿದ್ದ ರೋಗಿಗಳಲ್ಲಿ ಕೆಲವರು ಆ ಕೂಗು ಕೇಳಿಯೇ ವಾಸಿಯಾಗಿ ಮನೆಗೆ ಹೋದರು. ಡಾಕ್ಟರು ನನ್ನ ಕಡೆ ತಿರುಗಿ, “ಮೇಷ್ಟ್ರೇ, ಚಡ್ಡಿಗೆ ಲಾಡಿ ಹಾಕ್ತೀರಲ್ಲ?” ಎಂದರು. ಪರಸ್ಥಳದಲ್ಲಿ, ಹೆಂಡತಿಯ ಎದುರಿಗೆ, ಇದೆಂಥ ಪ್ರಶ್ನೆ! ಹೌದೆಂದೆ.

“ಮಾಂಸಖಂಡದಿಂದ ಬೆರಳಿಗೆ ಒಂದು ಹುರಿ ಬರುತ್ತೆ, ಸ್ನಾಯುರಜ್ಜು ಅಂತಾರೆ. ಮಣಿಕಟ್ಟಿನ ಹತ್ರ ಅದು ಒಂದು ಇಕ್ಕಟ್ಟಾದ ಒರೆಯೊಳಗೆ ಜಾರ್ತಾ ಇರುತ್ತೆ, ಲಾಡಿ ಜಾರೋ ಹಾಗೆ. ಒಂದೇ ಕೆಲಸಾನ ಬಲ ಹಾಕಿ, ಬಿಡುವು ಕೊಡದೆ ಮತ್ತೆ ಮತ್ತೆ ಮಾಡಿದ್ರೆ ಆ ಒರೆ ದಪ್ಪ ಆಗಿ ಊದ್ಕೊಳ್ಳುತ್ತೆ. ಹುರಿ ಜಾರೋದಿಲ್ಲ, ಕಚ್ಕೊಳ್ಳುತ್ತೆ. ಮೂಳೆ ಸರಿಯಾಗೇ ಇದೆ, ಉಳುಕೂ ಅಲ್ಲ. ತಿಕ್ಕಬೇಡಿ, ಎಳೀಬೇಡಿ, ಯಾರಿಂದ್ಲೂ ತುಳಿಸಬೇಡಿ.”

ಬಿದಿರಿನ ತೆಳು ದಬ್ಬೆ ಇಟ್ಟು ಹೆಬ್ಬೆರಳನ್ನೂ ಮಣಿಕಟ್ಟನ್ನೂ ಅಲುಗದಂತೆ ಕಟ್ಟಿದರು. ಕೆಲವು ವಾರ ವಿಶ್ರಾಂತಿ ಕೊಡಿ, ಬಿಸಿ ಉಪ್ಪಿನ ಶಾಖ ಕೊಡಿ, ನೋವು ತಗ್ಗಿದ ಮೇಲೆ ಮೆಲ್ಲಗೆ ಆಡಿಸಿ, ಸಣ್ಣ ಕೆಲಸದಿಂದ ಶುರುಮಾಡಿ ಎಂದರು. ಔಷಧಿ ಏನು ಎಂದು ಕೇಳಿದೆ.

“ಔಷಧಿಗಿಂತ ಮೊದಲು ನಲ್ಲಿ ಬಿಡಬೇಕು.”

“ನಲ್ಲಿ ಬಿಟ್ರೆ ನೀರು?”

“ಅದು ನನ್ನ ಇಲಾಖೆ ಅಲ್ಲ ಮಾರಾಯ್ರೇ” ಎಂದು ನಕ್ಕರು. ಆಮೇಲೆ ನಗು ನಿಲ್ಲಿಸಿ, “ಅಮ್ಮಾ, ಕೂಸಿನ ಕಂಕುಳಿಗೆ ಕೈಕೊಟ್ಟು ಎತ್ತುವಾಗ್ಲೂ ಇದೇ ಹುರಿ ಎಳೆಯುತ್ತೆ. ಸದ್ಯಕ್ಕೆ ಅದೂ ಬೇಡ” ಎಂದರು.

ಪುಟ್ಟಯ್ಯನ ಪಾದಕ್ಕೆ ಬರೀ ಕಿರುಚಿದ್ದ ದಾಕ್ಷಾಯಣಿ ಈ ಮಾತಿಗೆ ಅತ್ತೇಬಿಟ್ಟಳು. ಮಗಳ ಮದುವೆಯಾಗಿ ಇಷ್ಟು ವರ್ಷ ಕಾದು ಕಂಡ ಮೊದಲ ಮೊಮ್ಮಗಳು. ರೈಲಿನಲ್ಲಿ ದಾರಿಯುದ್ದಕ್ಕೂ ಕಟ್ಟಿದ ಕೈಯನ್ನು ಮಡಿಲಲ್ಲಿಟ್ಟುಕೊಂಡು ಕೂತಿದ್ದಳು. ನನಗೆ ಆಗ ತಮ್ಮ ಮೇಲೆ ಬಂದ ಸಿಟ್ಟನ್ನು ಪತ್ರಿಕೆಯವರು ಅಚ್ಚು ಹಾಕಲಾರರು.

ಕಾಡಿನಲ್ಲಿ ದಿಮ್ಮಿ ಎಳೆಯುವ ಆನೆಗೂ ಬಿಡುವುಂಟು, ಮಿಷನ್ನಿಗೂ ನಿಲ್ಲಿಸಿ ಎಣ್ಣೆ ಬಿಡುತ್ತಾರೆ. ಹೆಂಗಸಿನ ಹೆಬ್ಬೆರಳಿಗೆ ಮಾತ್ರ ಯಾವ ಶಾಸನದಲ್ಲೂ ರಜೆಯಿಲ್ಲವೇ? ರಜೆಯನ್ನು ನಾನೇ ಕೊಟ್ಟೆ. ಗಂಡಸರು ನಲ್ಲಿಗೆ ಹೋಗುವ ಪದ್ಧತಿ ನಮ್ಮ ಬೀದಿಯಲ್ಲಿಲ್ಲ, ನಾನು ಹೋದೆ. ಕೊಡ ಹಿಡಿದ ನನ್ನನ್ನು ನೋಡಲು ಜನ ಜಗಲಿಗೆ ಬಂದು ಕೂತರು. ವಾರ ತುಂಬುವ ಮೊದಲೇ ನನ್ನ ಹೆಬ್ಬೆರಳೂ ಲಾಡಿಯ ಕಥೆ ಹೇಳತೊಡಗಿತು. ಆಗ ಹೊಳೆದದ್ದು ರುಬ್ಬುಗುಂಡು. ಅದನ್ನು ಮೊಸರಿನ ಗಡಿಗೆ ತೂಗುಹಾಕುವ ನೆಲವಿನಲ್ಲಿಟ್ಟು ನಲ್ಲಿಯ ತಲೆಗೆ ನೇತುಹಾಕಿದೆ. ಯಾರ ಹೆಬ್ಬೆರಳೂ ಇಲ್ಲದೆ ನೀರು ಬಂತು. ಕೊಡ ತುಂಬಿದ ಕೂಡಲೇ ತೆಗೆಯುತ್ತಿದ್ದೆ, ಒಂದು ತಂಬಿಗೆಯಷ್ಟೂ ಚೆಲ್ಲಿಲ್ಲ. ಬೀದಿಯವರೆಲ್ಲ ಕಲ್ಲನ್ನು ಎರವಲು ಕೇಳಿದರು. ಹುಲಿಗೆಮ್ಮ ತನ್ನ ನೋಯುವ ಬೆರಳಿಗೂ ಹಾಕಿಕೊಂಡಿದ್ದ ಸುಣ್ಣ ಬೆಲ್ಲವನ್ನು ತೊಳೆದುಕೊಂಡಳು.

ಆ ಸುಖ ತಮಗೆ ಸಹಿಸಲಾಗಲಿಲ್ಲ. ತಮ್ಮ ಜವಾನ ಚೌಡಯ್ಯ ಬಂದು ಕಲ್ಲನ್ನು ದಸ್ತಗಿರಿ ಮಾಡಿದ. “ನಾನೇನು ಮಾಡ್ಲಿ ಮೇಷ್ಟ್ರೇ, ಸಾಹೇಬ್ರ ಹುಕುಂ. ಇದ್ರ ಭಾರಕ್ಕೆ ನನ್ ಮೊಣಕೈನೇ ಹಿಡ್ಕೊಳ್ಳುತ್ತೆ ಈಗ” ಎಂದು ಗೊಣಗುತ್ತ ಹೊತ್ತುಕೊಂಡು ಹೋದ. ವಿಚಾರಣೆ ಮುಗಿಯುವವರೆಗೆ ಸಾಕ್ಷ್ಯವನ್ನು ಕೊಡಲಾಗದು ಎಂದರು ತಮ್ಮ ಗುಮಾಸ್ತರು. ಮೊನ್ನೆ ಹೋದಾಗ ಇನ್ನೊಂದು ವಿಶೇಷ ಕಂಡೆ. ದುಂಡಗೆ, ಕರ್ರಗೆ, ನುಣ್ಣಗೆ ಮೂಲೆಯಲ್ಲಿ ಕೂತ ಕಲ್ಲಿಗೆ ಯಾರೋ ವಿಭೂತಿ ಬಳಿದು ಕಣಗಿಲೆ ಹೂವಿಟ್ಟಿದ್ದಾರೆ. ಅರ್ಜಿ ಹಿಡಿದು ಬಂದವರು ಮೊದಲು ಅದಕ್ಕೆ ಕೈಮುಗಿದು ಆಮೇಲೆ ತಮ್ಮ ಖಾಲಿ ಕುರ್ಚಿಯ ಕಡೆ ನೋಡುತ್ತಾರೆ. ಗುಮಾಸ್ತರು ಈಗ, “ದೇವ್ರನ್ನ ಹೇಗೆ ಎತ್ತಿ ಕೊಡೋದು ಮೇಷ್ಟ್ರೇ?” ಎನ್ನುತ್ತಾರೆ. ಅಧಿಕಾರಿಗಳೇ, ಅದರಲ್ಲಿ ಹೋದ ವಾರದವರೆಗೆ ಕಾಯಿಚಟ್ನಿ ಅರೆದಿದ್ದೇವೆ.

ನಮಗೆ ಆ ಕಲ್ಲು ಚಟ್ನಿಗೆ ಬೇಕಾಗಿಲ್ಲ. ಬರುವ ಸೋಮವಾರ ಕೂಸನ್ನು ತೊಟ್ಟಿಲಿಗೆ ಹಾಕುವ ಶಾಸ್ತ್ರ. ಮೊದಲು ರುಬ್ಬುಗುಂಡನ್ನು ತೊಳೆದು, ಕುಲಾವಿ ತೊಡಿಸಿ ತೊಟ್ಟಿಲಲ್ಲಿ ಮಲಗಿಸಿ ತೂಗಬೇಕು, ಕೂಸು ಕಲ್ಲಿನ ಹಾಗೆ ಗಟ್ಟಿಯಾಗಿ ಬಾಳಲಿ ಎಂದು. ನೆರೆಮನೆಯ ಕಲ್ಲು ತನ್ನಿ ಎನ್ನುವಿರಿ. ನನ್ನನ್ನು ತೊಟ್ಟಿಲಿಗೆ ಹಾಕಿದಾಗ ನನ್ನವ್ವ ಮಲಗಿಸಿದ್ದು ಈ ಕಲ್ಲನ್ನು, ಜಗದಾಂಬಾಳಿಗೂ ಇದನ್ನೇ. “ರೀ, ಕೂಸನ್ನಂತೂ ಎತ್ತೋ ಹಾಗಿಲ್ಲ. ಕಲ್ಲಾದ್ರೂ ನಮ್ದೇ ಇರ್ಲಿ” ಎಂದಳು ದಾಕ್ಷಾಯಣಿ. ಅದಕ್ಕೆ ಉತ್ತರ ತಮ್ಮಲ್ಲಿದ್ದರೆ ತಿಳಿಸಿ.

ಆದ್ದರಿಂದ ಸೋಮವಾರದೊಳಗೆ ಕಲ್ಲು ನಮ್ಮ ಮನೆಗೆ ಬರಬೇಕು, ಸ್ಪ್ರಿಂಗು ತಮ್ಮ ಮನೆಗೆ ಹೋಗಬೇಕು, ಬೀದಿಗೆ ತಿರುಗಿಸುವ ನಲ್ಲಿ ಮರಳಿ ಬರಬೇಕು. ಇಲ್ಲವಾದರೆ ಕಲ್ಲು ಇರುವಲ್ಲಿಗೇ ತೊಟ್ಟಿಲು ಬರುತ್ತದೆ. ತಮ್ಮ ಕೊಠಡಿಯ ತೊಲೆಗೆ ಒಳ್ಳೆಯ ಕೊಂಡಿಯಿದೆ, ನೋಡಿ ಬಂದಿದ್ದೇನೆ. ಬೀದಿಯ ಹೆಂಗಸರೆಲ್ಲ ಜೋಗುಳ ಹಾಡಲು ಬರುತ್ತಾರೆ, ಪುಟ್ಟಯ್ಯನೂ ಬರುತ್ತಾನೆ. ಆದರೆ ಅಜ್ಜಿಯ ಪಾಲನ್ನೂ ತಾನೇ ಎತ್ತಿ ಎತ್ತಿ ಜಗದಾಂಬಾಳ ಬೆರಳೂ ಹಿಡಿದುಕೊಂಡಿದೆ, ಕೂಸನ್ನು ಎತ್ತಿ ಮಲಗಿಸಲು ನೋವಿಲ್ಲದ ಹೆಬ್ಬೆರಳು ನಮ್ಮಲ್ಲಿ ಯಾರಿಗೂ ಉಳಿದಿಲ್ಲ. ಅಂಥದ್ದು ಇರುವುದು ತಮಗೊಬ್ಬರಿಗೇ. ಅಂದು ದಯವಿಟ್ಟು ಸರ್ಕೀಟಿಗೆ ಹೋಗಬೇಡಿ. ನಮ್ಮ ಮೊಮ್ಮಗಳನ್ನು ತಾವೇ ಎತ್ತಿ ತೊಟ್ಟಿಲಲ್ಲಿ ಮಲಗಿಸಬೇಕು. ದಾಕ್ಷಾಯಣಿ ಪಕ್ಕದಲ್ಲಿ ನಿಂತು ನೋಡುತ್ತಾಳೆ. ಜೋಪಾನ, ಕತ್ತು ಇನ್ನೂ ನಿಂತಿಲ್ಲ, ತಲೆಯ ಕೆಳಗೆ ಕೈ ಆಸರೆ ಕೊಡಿ.

ಇಂತಿ,
ಎಡಗೈಯಲ್ಲಿ ಬರೆದ ಈ ವಕ್ರ ಅಕ್ಷರಗಳಿಗೆ ನಾಚುವ,
ಶಿವಯೋಗಪ್ಪ,
ದುಂಡಕ್ಷರ ಕಲಿಸುವ ಮೇಷ್ಟ್ರು, ಓಲ್ಡ್ ಟೌನ್, ಭದ್ರಾವತಿ