ಕಣ್ಣು ಬರೆಯುವ ಕೆಲಸ

ನನ್ನ ಮಾವನಿಗೆ,

ಸಾಕಾಗಿದೆ ಮಾವ. ಕಾರಿಮಂಗಲದ ನಿನ್ನ ಸ್ಟುಡಿಯೋಗೆ ಈಗ ಪಟ ತೆಗೆಸಲು ಯಾರೂ ಬರುವುದಿಲ್ಲ, ತಿದ್ದಿಸಲು ಬರುತ್ತಾರೆ. ಬೆಳ್ಳಗೆ ಮಾಡು, ಸುಕ್ಕು ತೆಗೆ, ಮದುವೆಗೆ ಬಾರದ ಚಿಕ್ಕಪ್ಪನನ್ನು ಪಕ್ಕಕ್ಕೆ ನಿಲ್ಲಿಸು. ಸಂಜೆ ಕಂಪ್ಯೂಟರ್ ಆರಿಸಿದರೆ, ಇವತ್ತು ನಿಜವಾಗಿ ಯಾರ ಮುಖ ನೋಡಿದೆ ಅನ್ನುವುದೇ ನೆನಪಾಗುವುದಿಲ್ಲ.

ಪಾಪಿರೆಡ್ಡಿಪಟ್ಟಿ ಕಡೆಯ ಆ ಸಾವಿನ ಮನೆ ನೆನಪಿದೆಯಾ? ಕೊನೆಯ ಪಟಕ್ಕೆಂದು ಅಜ್ಜಿಯನ್ನು ಕುರ್ಚಿಯಲ್ಲಿ ಕೂರಿಸಿ, ವಾಲದಂತೆ ಹಿಂದಿನಿಂದ ಸೀರೆ ಕಟ್ಟಿದ್ದರು. "ಕಣ್ ತೆಗ್ಸಿಬಿಡಣ್ಣಾ, ಅವ್ವ ನಮ್ಮನ್ನ ನೋಡ್ತಾ ಇರ್ಬೇಕು" ಎಂದು ಮಗ ಅತ್ತ. ಮರುದಿನ ನೀನು ಪೆನ್ಸಿಲ್ ಚೂಪು ಮಾಡಿಕೊಂಡು, ಪಟದಲ್ಲಿ ಮುಚ್ಚಿದ ರೆಪ್ಪೆಯ ಮೇಲೆ ತೆರೆದ ಕಣ್ಣು ಬರೆದೆ. ಇದು ಸುಳ್ಳಲ್ಲವಾ ಎಂದು ನಾನು ಕೇಳಿದ್ದಕ್ಕೆ ನೀನು ತಲೆ ಎತ್ತದೆಯೇ ಅಂದೆ, "ಮುಚ್ಚಿದ್ ಕಣ್ಣು ನಿಜಾನೇ ಲೇ. ಆದ್ರೆ ಅದು ನಿನ್ನೆ ಒಂದಿನದ್ದು. ಆಯಮ್ಮ ಇಷ್ಟು ದಿನ ಕಣ್ ಬಿಟ್ಕೊಂಡು ಬದುಕಿರ್ಲಿಲ್ವಾ?" ಹಾಗಾದರೆ ನಾನು ಈಗ ಮಾಡುವುದೂ ಸುಳ್ಳಲ್ಲವಾ ಮಾವ?

ನೀನು ತೀರಿಹೋದಾಗ ಹುಡುಕಿದರೆ ನಿನ್ನದೊಂದು ಒಳ್ಳೆಯ ಪಟವಿಲ್ಲ. ಊರಿಗೆಲ್ಲ ಪಟ ತೆಗೆದವನು ಯಾರ ಪಟದಲ್ಲಿ ತಾನೇ ಸಿಗುತ್ತಾನೆ? ಆಧಾರ್ ಕಾರ್ಡು ತೋರಿಸಿದರೆ ಅತ್ತೆ ದೂರ ತಳ್ಳಿದಳು. "ಪೊಲೀಸ್ನೋರ್ ಕೈಗೆ ಸಿಕ್ದೋರಂಗವ್ರೆ, ಬ್ಯಾಡ." ಉಳಿದದ್ದು, ನಿನ್ನನ್ನೂ ಕುರ್ಚಿಯಲ್ಲಿ ಕೂರಿಸಿ ನಾನೇ ತೆಗೆದ, ಕಣ್ಣು ಮುಚ್ಚಿದ ಕೊನೆಯ ಪಟ. "ಎಲ್ರಿಗೂ ಕಣ್ ಬರ್ದೋರು, ಇವ್ರು ಇಂಗೇ ಇರ್ಬೇಕಾ ತಾಯಿ?" ಅಂದಳು ಅತ್ತೆ.

ಆಧಾರ್ ಪಟದ ಕಣ್ಣುಗಳನ್ನೇ ತಂದು ಕೂರಿಸಿದೆ. ಅತ್ತೆ ಬಹಳ ಹೊತ್ತು ನೋಡಿದಳು. "ಕಣ್ಣು ಅವ್ರದೇ ಐತೆ. ಆದ್ರೆ ಅವ್ರಿಲ್ಲ." ನನಗೆ ಅಳು ಬಂತು ಮಾವ. ಇಷ್ಟು ವರ್ಷ ನಿನ್ನ ಪಕ್ಕದಲ್ಲಿ ಕಲಿತವಳಿಗೆ ನಿನ್ನೊಬ್ಬನ ಮುಖ ತರಲು ಬರಲಿಲ್ಲವಲ್ಲ!

ಮತ್ತೊಂದು ದಿನ ಅಂಗಡಿಯಲ್ಲಿ ಸುಮ್ಮನೆ ಕುಳಿತಿದ್ದಾಗ ನಿನ್ನ ದನಿ ನೆನಪಾಯಿತು. "ಲೇ, ಗದ್ದ ಎತ್ತು." ಕ್ಯಾಮೆರಾದ ಹಿಂದೆ ನೀನು, ಎಡಗಣ್ಣು ಗಟ್ಟಿಯಾಗಿ ಮುಚ್ಚಿ. ನಾವೆಲ್ಲ ನೋಡಿದ ನೀನು ಅವನೇ ಅಲ್ಲವಾ? ತೆರೆದ ಬಲಗಣ್ಣು ಹಾಗೇ ಇಟ್ಟೆ. ಎಡಗಣ್ಣನ್ನು ಮತ್ತೆ ಸಾವು ಮುಚ್ಚಿದ್ದಂತೆಯೇ ಮಾಡಿ, ಅಂಚಿಗೆ ಒಂದೊಂದಾಗಿ ಸುಕ್ಕು ಎಳೆದೆ. ದಿನವಿಡೀ ಸುಕ್ಕು ಅಳಿಸುವವಳು!

ಪಟ ಎದುರಿಗೆ ಹಿಡಿದೆ. ಅತ್ತೆಯ ಕೈ ತಾನಾಗಿ ಸೆರಗಿಗೆ ಹೋಯಿತು. "ಇರಿ, ಇರಿ, ತಲೆ ಸರಿ ಮಾಡ್ಕಂತೀನಿ" ಅಂದವಳು, ಅಲ್ಲೇ ಕುಸಿದು ಅತ್ತಳು.

ಈಗ ನೀನು ನಡುಮನೆಯ ಗೋಡೆಯಲ್ಲಿದ್ದೀಯ. ಕೈ ಮುಗಿಯಲು ಬಂದವರು ಮೊದಲು ಅಂಗಿ ಸರಿಮಾಡಿಕೊಳ್ಳುತ್ತಾರೆ. ನಾನೂ ದಿನಾ ಅಂಗಡಿಗೆ ಹೊರಡುವ ಮುಂಚೆ ನಿನ್ನೆದುರು ನಿಂತು ಗದ್ದ ಎತ್ತುತ್ತೇನೆ.

ನಿನ್ನ ಸೊಸೆ