ಖಣ ಸುತ್ತಿದ್ದ ಕಾಗದ

ಅಪ್ಪಾ, ನಾವು ಮನೆ ಕೊಳ್ಳುತ್ತಿದ್ದೇವೆ! ಆದೋನಿಯಲ್ಲೇ, ಹಿತ್ತಲಲ್ಲಿ ಬಾವಿಯಿರುವ ಸ್ವಂತ ಮನೆ! ನೀವು ತೀರಿಕೊಂಡು ನಾಲ್ಕು ತಿಂಗಳಾದರೂ ಮೊದಲು ನಿಮಗೇ ಹೇಳಬೇಕೆನಿಸಿತು.

ಆ ಮನೆಯನ್ನೇ ಅಡವಿಟ್ಟುಕೊಂಡು ಸಾಹುಕಾರ ಮರಿಬಸಪ್ಪನವರು ಸಾವಿರ ರೂಪಾಯಿ ಸಾಲ ಕೊಡುತ್ತಾರೆ. ನಿನ್ನೆ ಸಾಲಪತ್ರದ ಜೊತೆಗೆ ನನಗೊಂದು ಕುಪ್ಪಸದ ಖಣವನ್ನೂ ತಂದರು. ಸಾಲ ಕೊಡುವವರು ಖಣ ಯಾಕೆ ಕೊಡುತ್ತಾರೆ?

"ತಿಂಗಳಿಗೆ ಹದಿನೈದೇ ರೂಪಾಯಿ, ಹನ್ನೆರಡು ವರ್ಷ. ಬಾಡಿಗಿ ಕೊಟ್ಟಂಗ ಐತಿ," ಎಂದು ನಮ್ಮವರು ನಕ್ಕರು.

ಖಣ ಸುತ್ತಿದ್ದ ಕಾಗದದ ಮೇಲೇ ಗುಣಿಸಿದೆ. "ಎರಡು ಸಾವಿರದ ನೂರಾ ಅರವತ್ತು ಆಗ್ತೈತ್ರಿ! ಒಂದು ಮನಿಗೆ ಎರಡು ಮನಿ ರೊಕ್ಕ!"

ಸಾಹುಕಾರರು ಪತ್ರ ಮಡಚಿದರು. "ಬಳ್ಳಾರಿ ಇಂಗ್ಲಿಷ್ ಸಾಲಿ ಲೆಕ್ಕ ಏನವ್ವಾ? ಆ ಸಾಲಿ ಫೀಸಿಗಂತ ಮದ್ದಿಕೇರದ ಮನಿ ನನಗ ಅಡವು ಬರಕೊಟ್ಟಾಗ ನಿಮ್ಮಪ್ಪ ಒಂದು ಮಾತೂ ಕೇಳ್ಲಿಲ್ಲ."

ನಮ್ಮ ಮನೆಯ ಮೇಲೆ ಬಿಡಿಗಾಸಿನ ಸಾಲವಿಲ್ಲ ಎನ್ನುತ್ತಿದ್ದಿರಿ. ಸುಳ್ಳು ಹೇಳಿದ್ದು ಸಾಹುಕಾರರೋ, ನೀವೋ? ರಜೆಗೆ ಬಂದಾಗಲೆಲ್ಲ ಹೊಸ ಬೂಟು ಬೇಕೆಂದು ನಾನು ಅತ್ತದ್ದಷ್ಟೇ ನನಗೆ ನೆನಪಿದೆ.

ನಮ್ಮವರು ಇನ್ನೂ ಸಹಿ ಹಾಕಿಲ್ಲ. ಊರಲ್ಲಿರುವ ನಿಮ್ಮ ಕಾಗದಪತ್ರಗಳ ಟ್ರಂಕು ತೆರೆದು ನೋಡುವವರೆಗೆ ಹಾಕಬೇಡಿ ಎಂದಿದ್ದೇನೆ. ಅಮ್ಮನಿಗೆ ಸುಮ್ಮನೆ ನೋಡಲು ಬರುತ್ತೇನೆಂದಷ್ಟೇ ಬರೆದೆ. ಗುರುವಾರ, ಮಧ್ಯಾಹ್ನದ ಪ್ಯಾಸೆಂಜರಿಗೆ ಮದ್ದಿಕೇರದಲ್ಲಿ ಇಳಿಯುತ್ತೇನೆ.