ಮೊಹರಿನೊಳಗಿನ ಚೀಟಿ

೧೭೫೫, ನವೆಂಬರ್ ೧೧, ಬೆಳಿಗ್ಗೆ ಆರು

ಬಿಯರ್ ಗಂಜಿ ಕುಡಿದಾಯಿತು. ಪ್ರಬಂಧದ ಹನ್ನೆರಡನೇ ಪ್ರಕರಣ ಮುಗಿಯಿತು. ಏಳಕ್ಕೆ ತರಗತಿ — ಮೊದಲು ತರ್ಕ, ಆಮೇಲೆ ಲ್ಯಾಟಿನ್. ಕೋಣೆಯ ಒಲೆ ಇನ್ನೂ ಹೊತ್ತಿಲ್ಲ. ಸೌದೆ ಹಸಿ ಎನ್ನುತ್ತಾಳೆ ಉರ್ಸೆಲ್. ನಿನ್ನೆ ಗಾಳಿಯ ದಿಕ್ಕು ಸರಿ ಇರಲಿಲ್ಲ, ಮೊನ್ನೆ ಹೊಗೆಗೂಡಿನಲ್ಲಿ ಕಾಗೆ. ಅವಳ ಬಳಿ ಎಲ್ಲದಕ್ಕೂ ಒಂದು ಕಾರಣ ಇದ್ದೇ ಇರುತ್ತದೆ. ಈ ಊರಲ್ಲಿ ನನ್ನ ಸಿದ್ಧಾಂತಕ್ಕೆ ಸಿಕ್ಕಿರುವ ಒಬ್ಬಳೇ ಶಿಷ್ಯೆ, ಅಡುಗೆಯವಳು.

ಇವತ್ತು ಮಾರ್ಟಿನ್ ಹಬ್ಬ. ಬೀದಿಯೆಲ್ಲ ಹೆಬ್ಬಾತು ಹುರಿಯುವ ವಾಸನೆ. ಒಬ್ಬನಿಗೆ ಹೆಬ್ಬಾತು ಯಾಕೆ ಎಂದೆ. "ಒಬ್ಬರಿಗೆ ಅಂತ ಯಾರಂದ್ರು ಮೇಷ್ಟ್ರೇ, ನಾನಿಲ್ವಾ?" ಎಂದಳು. ಹೆಬ್ಬಾತಿಗೆ ದುಡ್ಡು ಎಣಿಸಿ ಕೊಟ್ಟೆ. ತರ್ಕದ ಮೇಷ್ಟ್ರು ನಾನು.

ಹೆಂಡತಿ ಸಬೀನೆ ತವರಿಗೆ ಹೋಗಿ ಇವತ್ತಿಗೆ ಒಂಬತ್ತು ವಾರ. ನೌಂಬುರ್ಗಿನಲ್ಲಿ ಅಣ್ಣನ ಮನೆಯಲ್ಲಿದ್ದಾಳೆ. ಕಾಗದ ಬಂದಿಲ್ಲ.

ನವೆಂಬರ್ ೧೪

ಅಕಾಡೆಮಿ ಬಹುಮಾನಕ್ಕೆ ಇಟ್ಟಿರುವ ಪ್ರಶ್ನೆ ಇಷ್ಟೇ: ಇರಬಹುದಾದ ಲೋಕಗಳಲ್ಲೆಲ್ಲ ದೇವರು ಆರಿಸಿದ ಈ ಲೋಕವೇ ಅತ್ಯುತ್ತಮ ಎಂಬ ಮಾತು ನಿಲ್ಲುತ್ತದೆಯೇ? ನಿಲ್ಲುತ್ತದೆ ಎನ್ನುವವನು ನಾನು, ಹದಿನೇಳು ವರ್ಷದಿಂದ. ಪ್ರಬಂಧ ವರ್ಷದ ಕಡೆಯ ದಿನದೊಳಗೆ ತಲುಪಬೇಕು. ಮೇಲೆ ಹೆಸರು ಹಾಕುವಂತಿಲ್ಲ, ಒಂದು ಗುರುತಿನ ವಾಕ್ಯ ಮಾತ್ರ. ಹೆಸರು ಬೇರೆ ಚೀಟಿಯಲ್ಲಿ. ಅದನ್ನು ಲಕೋಟೆಯಲ್ಲಿಟ್ಟು ಅರಗಿನ ಮೊಹರು ಒತ್ತಿ, ಹೊರಗೆ ಅದೇ ವಾಕ್ಯ ಬರೆದು ಜೊತೆಗೆ ಕಳಿಸಬೇಕು. ನನ್ನ ವಾಕ್ಯ: ಕಾರಣವಿಲ್ಲದೆ ಹುಲ್ಲುಕಡ್ಡಿಯೂ ಅಲುಗದು. ಹೆಸರಿನ ಚೀಟಿ ಜೂನ್‌ನಲ್ಲೇ ಬರೆದು, ಮೂರು ಮಡಿಕೆ ಮಾಡಿ, ಅರಗಿನ ಪೆಟ್ಟಿಗೆಯಲ್ಲಿ ಇಟ್ಟಿದ್ದೇನೆ. ಆಗ ಎಲ್ಲ ಸರಿ ಇತ್ತು.

ಇವತ್ತು ಹದಿನಾಲ್ಕನೇ ಪ್ರಕರಣ ಬರೆದೆ. ಒಂದೇ ಪಟ್ಟಿಗೆ ಕೂತು. 'ಒಬ್ಬ ತಂದೆ ಇದ್ದ. ಅವನ ಆರು ವರ್ಷದ ಮಗಳು ಸಿಡುಬಿನಿಂದ ತೀರಿಕೊಂಡಳು...' ಚಿತ್ರಕ್ಕೆ ಮೂಗು ತಾಗಿಸಿ ನಿಂತವನಿಗೆ ಬರೀ ಕಪ್ಪು ಕಾಣುತ್ತದೆ, ಹಿಂದೆ ಸರಿದರೆ ಅದು ನೆರಳು ಎಂದು ತಿಳಿಯುತ್ತದೆ, ನೆರಳಿಲ್ಲದೆ ಚಿತ್ರವಿಲ್ಲ — ಹೀಗೆ ಮುಗಿಸಿದೆ. ಚೆನ್ನಾಗಿ ಬಂದಿದೆ. ಮಿಕ್ಕ ಹದಿಮೂರೂ ಇದಕ್ಕಾಗಿಯೇ ಕಾದಿದ್ದಂತೆ ಬಂದಿದೆ.

ಪ್ರತಿ ತೆಗೆದು ಸಬೀನೆಗೆ ಕಳಿಸಿದೆ. ಸಮಾಧಾನವಾದೀತು.

ನವೆಂಬರ್ ೨೬

ಕಾಗದ ಬಂತು. ನಾಲ್ಕೇ ಸಾಲು.

"ಓದಿದೆ. ಚೆನ್ನಾಗಿ ಬರೆದಿದ್ದೀರಿ. ಅವಳನ್ನ ಅದರಿಂದ ತೆಗೆದುಬಿಡಿ. ಲೋರೆ ಯಾರ ಚಿತ್ರಕ್ಕೂ ನೆರಳಲ್ಲ."

ಬೆಳಿಗ್ಗೆಯಿಂದ ಸಿಟ್ಟು. ಮಗಳ ಹೆಸರು ಹಾಕಿಲ್ಲವಲ್ಲ! 'ಒಬ್ಬ ತಂದೆ' ಎಂದಷ್ಟೇ ಇದೆ. ತರಗತಿಯಲ್ಲಿ ಯಾರ ಮೇಲೋ ರೇಗಿದೆ. ಯಾರ ಮೇಲೆ ಎಂದು ಈಗ ನೆನಪಿಲ್ಲ.

ನವೆಂಬರ್ ೨೭

ಬರೆದೇಬಿಡಬೇಕು, ಇಲ್ಲಿ ಯಾರು ಓದುತ್ತಾರೆ.

ಕಳೆದ ಏಪ್ರಿಲ್‌ನಲ್ಲಿ ಡ್ರೆಸ್ಡೆನ್ನಿನಿಂದ ಒಬ್ಬ ವೈದ್ಯ ಬಂದಿದ್ದ. ಸಿಡುಬಿನ ಕೀವನ್ನು ತೋಳಿಗೆ ಸ್ವಲ್ಪವೇ ಗೀರಿ ಹಾಕುತ್ತಿದ್ದ. ನಾಲ್ಕು ದಿನ ಜ್ವರ, ಆಮೇಲೆ ಜೀವಮಾನದಲ್ಲಿ ಆ ರೋಗ ಬರದಂತೆ. ಲೋರೆಗೂ ಹಾಕಿಸೋಣ ಎಂದಳು ಸಬೀನೆ. ಬೇಡ ಎಂದೆ. ನೆಟ್ಟಗಿರುವ ಮಗುವಿಗೆ ನಾವೇ ರೋಗ ತರುವುದೇ? ದೇವರು ಒಟ್ಟು ಲೋಕ ನೋಡಿ ಯೋಜನೆ ಹಾಕಿದ್ದಾನೆ, ಅವನಿಗಿಂತ ಮೊದಲೇ ನಾವು ಕೈ ಹಾಕಬಾರದು — ಊಟದ ಮೇಜಿನ ಮುಂದೆ ಅರ್ಧ ಗಂಟೆ ಮಾತಾಡಿದೆ. ಅವಳು ವಾದದಲ್ಲಿ ಸೋತಳು. ನಾನು ಗೆದ್ದೆ.

ಆಗಸ್ಟ್‌ನಲ್ಲಿ ಸಿಡುಬು ಬಂತು. ಒಂಬತ್ತು ದಿನ.

ಎದುರು ಮನೆಯ ಇಬ್ಬರು ಮಕ್ಕಳಿಗೆ ಗೀರಿ ಹಾಕಿಸಿದ್ದರು. ಇಬ್ಬರೂ ಈಗ ಕಿಟಕಿಯ ಕೆಳಗೆ ಗೋಲಿ ಆಡುತ್ತಿದ್ದಾರೆ.

ಡಿಸೆಂಬರ್ ೯

ಔಷಧದಂಗಡಿಯ ಝೈಡ್ಲರ್ ಬೆಳಿಗ್ಗೆಯೇ ಪತ್ರಿಕೆ ಹಿಡಿದು ಬಂದ. ಭೂಮಿ ನಡುಗಿ ಲಿಸ್ಬನ್ ಪಟ್ಟಣ ನೆಲಸಮವಾಗಿದೆ. ಸಕಲ ಸಂತರ ಹಬ್ಬದ ಬೆಳಿಗ್ಗೆ, ಜನ ಚರ್ಚಿನಲ್ಲಿದ್ದಾಗಲೇ. ಆಮೇಲೆ ಸಮುದ್ರ, ಆಮೇಲೆ ಬೆಂಕಿ. ಮೂವತ್ತು ಸಾವಿರ ಎಂದು ಕೆಲವರು, ಇನ್ನೂ ಹೆಚ್ಚು ಎಂದು ಕೆಲವರು.

"ನಿಮ್ಮ ಅತ್ಯುತ್ತಮ ಲೋಕದ ಒಂದು ಮೂಲೆ ಕುಸೀತಂತೆ ಮೇಷ್ಟ್ರೇ," ಎಂದ. "ಅದಕ್ಕೂ ಒಂದು ಪ್ರಕರಣ ಬರೀತೀರೋ?"

ಬರೆದೆ. ಮೂವತ್ತು ಸಾವಿರ ಜನಕ್ಕೆ ಅರ್ಧ ಪುಟ ಸಾಕಾಯಿತು. ಲೇಖನಿ ಎಲ್ಲೂ ತಡೆಯಲಿಲ್ಲ. ಬರೆದ ಮೇಲೆ ಹೆದರಿಕೆಯಾಯಿತು.

ಸಂಜೆ ಪ್ರಾರ್ಥನೆಯಲ್ಲಿ ಹೆಂಗಸರು ಗೊಳೋ ಎಂದು ಅತ್ತರು. ನೋಡದ ಊರು, ತಿಳಿಯದ ಭಾಷೆ, ನಮ್ಮ ಪಂಥದವರೂ ಅಲ್ಲ. ಆಗಸ್ಟ್‌ನಿಂದ ಈಚೆಗೆ ಇದೇ ಜನ ನನ್ನನ್ನು ಕಂಡರೆ ರಸ್ತೆ ದಾಟಿ ಆ ಬದಿಗೆ ಹೋಗುತ್ತಾರೆ. ಏನು ಮಾತಾಡಬೇಕೋ ತಿಳಿಯದು, ಪಾಪ. ದೂರದ ಸಾವಿಗೆ ಅಳುವುದು ಸುಲಭ. ಅದರ ಅಪ್ಪ ಎದುರಿಗೆ ಸಿಗುವುದಿಲ್ಲ.

ಡಿಸೆಂಬರ್ ೨೧

ಹದಿನಾಲ್ಕನೇ ಪ್ರಕರಣ ಹೊಡೆದುಹಾಕಿದೆ. ಸಬೀನೆ ಹೇಳಿದಂತೆ. ಮನಸ್ಸು ಹಗುರವಾಯಿತು. ಅವಳಿಗೆ ಬರೆದು ತಿಳಿಸಿದೆ — ತೆಗೆದೆ ಎಂದು.

ಡಿಸೆಂಬರ್ ೨೬, ಮಧ್ಯಾಹ್ನ

ಅದಿಲ್ಲದೆ ಪ್ರಬಂಧ ನಿಲ್ಲುತ್ತಿಲ್ಲ. ಬೆಳಿಗ್ಗೆ ಮೂರು ಸಲ ಓದಿದೆ. ಹಲ್ಲು ಬಿದ್ದ ಬಾಯಿಯ ಹಾಗಿದೆ. ಅಂಚೆ ಗಾಡಿ ಎರಡಕ್ಕೆ. ಇವತ್ತು ತಪ್ಪಿದರೆ ವರ್ಷದೊಳಗೆ ತಲುಪದು. ಹದಿನೇಳು ವರ್ಷ...

ಮತ್ತೆ ಸೇರಿಸಿದೆ. ದೇವರು ಕ್ಷಮಿಸಲಿ, ಸಬೀನೆಗೆ ಗೊತ್ತಾಗದಿರಲಿ. ಗಾಡಿಯವನು ಕಹಳೆ ಊದುತ್ತಿದ್ದ. ಅರಗು ಕರಗಿಸಿದೆ. ಪೆಟ್ಟಿಗೆಗೆ ಕೈ ಹಾಕಿ ಮಡಿಸಿದ ಚೀಟಿ ತೆಗೆದೆ, ಬಿಚ್ಚಿ ನೋಡಲಿಲ್ಲ — ಸ್ವಂತ ಹೆಸರು ಸರಿಯಿದೆಯೇ ಎಂದು ಯಾರು ನೋಡುತ್ತಾರೆ? ಲಕೋಟೆಗೆ ಹಾಕಿ ಮೊಹರು ಒತ್ತಿದೆ. ಉರ್ಸೆಲ್ ಓಡಿಹೋಗಿ ಗಾಡಿಯವನಿಗೆ ಕೊಟ್ಟು ಬಂದಳು. "ಅಬ್ಬ, ಹೋಯ್ತು ಮಹಾರಾಯ," ಎಂದಳು, ಮನೆಯಿಂದ ನೆಂಟ ಹೊರಟಂತೆ.

ಅವಳು ತಂದಿಟ್ಟ ಹಬ್ಬದ ರೊಟ್ಟಿಯಲ್ಲಿ ದ್ರಾಕ್ಷಿ ಬಹಳ. ದ್ರಾಕ್ಷಿ ಹೆಕ್ಕಿ ತಿನ್ನುವವಳು ಇಲ್ಲ.

೧೭೫೬, ಜನವರಿ ೧೮

ಸಬೀನೆಯ ಕಾಗದ. ಈ ಸಲ ಎರಡು ಪುಟ! ಮೊದಲ ಸಾಲಿನಲ್ಲೇ ಇದೆ: ನೀವು ಅವಳನ್ನು ತೆಗೆದಿರಿ ಎಂದು ಓದಿ ಆವತ್ತು ನಿದ್ದೆ ಮಾಡಿದೆ. ಅಲ್ಲಿಗೇ ನನ್ನ ಮುಖ ಬಿಸಿಯಾಯಿತು.

ಮುಂದಿನದನ್ನು ಇದ್ದಂತೆಯೇ ಇಳಿಸಿಕೊಳ್ಳುತ್ತೇನೆ.

"ಒಂದು ಕೇಳ್ತೀನಿ, ಇಲ್ಲ ಅನ್ನಬೇಡಿ. ಜುಲೈನಲ್ಲಿ ಲೋರೆ ಒಂದು ಚೀಟಿ ಬರೆದಳು. ಅವಳು ಪೂರ್ತಿ ಹೆಸರು ಬರೆದದ್ದು ಅದೊಂದೇ ಸಲ. ಹೆಬ್ಬೆರಳಿಗೆ ಮಸಿ ಆಗಿತ್ತು, ಅದರ ಗುರುತೂ ಪಕ್ಕದಲ್ಲೇ ಬಿತ್ತು. ನಿಮ್ಮ ಹಾಗೇ ಮೂರು ಮಡಿಕೆ ಮಾಡಿ ನಿಮ್ಮ ಅರಗಿನ ಪೆಟ್ಟಿಗೆಯಲ್ಲಿ ಇಟ್ಟಳು. ಅಪ್ಪನ ಪುಸ್ತಕದ ಜೊತೆ ನನ್ನ ಹೆಸರೂ ಹೋಗ್ಲಿ, ಅಪ್ಪನಿಗೆ ಹೇಳ್ಬೇಡಮ್ಮ, ಅಂದಳು. ಬರುವಾಗ ನನಗೆ ಯಾವುದೂ ನೆನಪಿರಲಿಲ್ಲ. ಈಗ ದಿನಾ ಅದೇ ನೆನಪು. ಅದನ್ನ ಕಳಿಸಿಕೊಡಿ. ನನಗೆ ಮತ್ತೇನೂ ಬೇಡ."

ಪೆಟ್ಟಿಗೆ ತೆರೆದೆ. ಅರಗಿನ ತುಂಡುಗಳು, ಮೊಹರು, ತಳದಲ್ಲಿ ಮೂರು ಮಡಿಕೆಯ ಒಂದು ಚೀಟಿ. ಸಿಕ್ಕಿತು ಎಂದುಕೊಂಡೆ. ಬಿಚ್ಚಿದೆ.

ಟ್ರೌಗೊಟ್ ಹೆನ್ನಿಗ್, ಲ್ಯಾಟಿನ್ ಶಾಲೆಯ ಉಪಾಧ್ಯಾಯ.

ಅದು ನನ್ನ ಹೆಸರು, ನನ್ನದೇ ಅಂದವಾದ ಅಕ್ಷರ.

ಜನವರಿ ೧೯

ಪೆಟ್ಟಿಗೆಯನ್ನು ಮೇಜಿನ ಮೇಲೆ ಬೋರಲು ಹಾಕಿದೆ. ಡ್ರಾಯರ್ ಎಳೆದು ನೋಡಿದೆ. ಉರ್ಸೆಲ್ ನೆಲಹಾಸು ಎತ್ತಿದಳು. "ಏನು ಕಳೀತು ಮೇಷ್ಟ್ರೇ?" ಎಂದು ಮೂರು ಸಲ ಕೇಳಿದಳು. ನೆಲಹಾಸು ಮತ್ತೆ ಹಾಸಲು ಹೇಳಿದೆ.

ಕಳೆದದ್ದಲ್ಲ. ನಾನೇ ಕಳಿಸಿದ್ದು. ಬಿಚ್ಚಿಯೂ ನೋಡದೆ ಕಳಿಸಿದ್ದು.

ಜನವರಿ ೨೩

ಅಕಾಡೆಮಿಯ ಕಾರ್ಯದರ್ಶಿಗೆ ಬರೆದೆ. ಬರೆದವನು ನಾನೇ ಎನ್ನುವಂತಿಲ್ಲವಲ್ಲ: ನನ್ನ ಸ್ನೇಹಿತರೊಬ್ಬರು ತಪ್ಪಿ ಬೇರೆ ಚೀಟಿ ಇಟ್ಟಿದ್ದಾರೆ, ಪ್ರಬಂಧ ಬೇಕಾದರೆ ಕಸಕ್ಕೆ ಹಾಕಿ, ಚೀಟಿಯೊಂದನ್ನು ಮರಳಿಸಿ ಎಂದು. ಸಬೀನೆಗೆ — ಹುಡುಕುತ್ತಿದ್ದೇನೆ ಎಂದು. ಇದು ಅವಳಿಗೆ ಹೇಳಿದ ಎರಡನೇ ಸುಳ್ಳು.

ಫೆಬ್ರವರಿ ೨೦

ಕಾರ್ಯದರ್ಶಿಯ ಉತ್ತರ ಬಹಳ ಮರ್ಯಾದೆಯಿಂದ ಬರೆದದ್ದು. ನಿಮ್ಮ ಸ್ನೇಹಿತರ ಬಗ್ಗೆ ಮರುಕವಿದೆ. ಆದರೆ ಮೊಹರು ಬಿದ್ದ ಚೀಟಿ ಯಾರದೂ ಅಲ್ಲ. ಗೆದ್ದ ಪ್ರಬಂಧದ್ದನ್ನು ಮಾತ್ರ ಒಡೆಯುತ್ತಾರೆ. ಮಿಕ್ಕವನ್ನು ಹಾಗೆಯೇ, ಸಭೆಯ ಎದುರಿಗೆ, ಒಲೆಗೆ ಹಾಕುತ್ತಾರೆ. ಸೋತವರ ಹೆಸರು ಬೀದಿಗೆ ಬೀಳದಿರಲಿ ಎಂದು ಮಾಡಿದ ನಿಯಮ. ಒಬ್ಬರಿಗಾಗಿ ಮುರಿದರೆ ಎಲ್ಲರ ನಂಬಿಕೆಯೂ ಕೆಡುತ್ತದೆ.

ಒಳ್ಳೆಯ ನಿಯಮ. ನಾನೇ ಹೊಗಳಿದ್ದೆ. ಒಂಬತ್ತನೇ ಪ್ರಕರಣದಲ್ಲಿ ಇದನ್ನೇ ಬರೆದಿದ್ದೇನೆ: ಒಬ್ಬನ ಕಣ್ಣೀರಿಗೆ ದೇವರು ಲೋಕದ ನಿಯಮ ಮುರಿಯುವುದಿಲ್ಲ, ಮುರಿಯದಿರುವುದೇ ಅವನ ಒಳ್ಳೆಯತನ. ಪುಣ್ಯಾತ್ಮ ಅದನ್ನು ಓದಿಕೊಂಡೇ ಉತ್ತರ ಬರೆದನೋ ಏನೋ.

ಓದುವವನಾಗಿ ಅದು ಎಷ್ಟು ತಣ್ಣಗಿದೆ ಎಂದು ಇವತ್ತು ಗೊತ್ತಾಯಿತು.

ಮಾರ್ಚ್ ೭

ಹಾಗಾದರೆ ಗೆಲ್ಲಬೇಕು. ಬೇರೆ ದಾರಿಯಿಲ್ಲ.

ದಿನಾ ಬೆಳಿಗ್ಗೆ ಮಂಡಿಯೂರಿ ಕೇಳಿಕೊಳ್ಳುತ್ತೇನೆ. ಎಂಥ ಪ್ರಾರ್ಥನೆ! ಪ್ರಬಂಧದ ಒಂದು ಮಾತನ್ನೂ ಈಗ ಒಪ್ಪಲಾರೆ. ಈ ಲೋಕ ಅತ್ಯುತ್ತಮವಲ್ಲ. ಏಪ್ರಿಲ್‌ನಲ್ಲಿ ನಾನು ಹೂಂ ಎಂದಿದ್ದರೆ ಆಗುತ್ತಿದ್ದ ಲೋಕ ಇದಕ್ಕಿಂತ ಒಳ್ಳೆಯದು — ಅದರಲ್ಲಿ ಅವಳು ಗೋಲಿ ಆಡುತ್ತಿದ್ದಾಳೆ. ಇದಕ್ಕೆ ಯಾವ ಪ್ರಕರಣವೂ ಬೇಡ. ಆದರೂ ಬೇಡಿಕೊಳ್ಳುತ್ತೇನೆ: ಪಂಡಿತರೆಲ್ಲ ನನ್ನ ವಾದ ನಂಬಲಿ, ಮರುಳಾಗಲಿ.

ಕಣ್ಣ ಮುಂದೆ ಬರುತ್ತದೆ. ದೊಡ್ಡ ಸಭೆ, ಬಿಳಿ ಟೋಪನ್‌ಗಳು. ಕಾರ್ಯದರ್ಶಿ ಮೊಹರು ಒಡೆಯುತ್ತಾನೆ. ಲೋಕದ ಒಳಿತನ್ನು ಸಾಧಿಸಿ ತೋರಿಸಿದ ಮಹಾಪಂಡಿತರು ಯಾರು? ಲೋರೆ ಹೆನ್ನಿಗ್. ಪಕ್ಕದಲ್ಲಿ ಹೆಬ್ಬೆರಳು. ಎಲ್ಲರೂ ನಗುತ್ತಾರೆ. ನಗಲಿ. ನಾನೂ ನಕ್ಕೆ, ಒಬ್ಬನೇ, ಅಡುಗೆಮನೆಗೆ ಕೇಳುವಷ್ಟು. ಉರ್ಸೆಲ್ ಬಾಗಿಲಲ್ಲಿ ಬಂದು ನಿಂತಳು. ಅವಳಿಗೆ ಎಲ್ಲ ಹೇಳಿಬಿಟ್ಟೆ.

ಕಾರಣ ಹುಡುಕಲಿಲ್ಲ ಆಕೆ. ಸೌದೆ, ಗಾಳಿ, ಕಾಗೆ — ಯಾವುದೂ ಇಲ್ಲ. ಮೊರದಂಥ ಕೈಯನ್ನು ನನ್ನ ಬೆನ್ನ ಮೇಲೆ ಇಟ್ಟಳು, ಅಷ್ಟೇ. ಆಗಸ್ಟ್‌ನಿಂದ ಈಚೆಗೆ ನನ್ನನ್ನು ಯಾರೂ ಮುಟ್ಟಿರಲಿಲ್ಲ.

ಏಪ್ರಿಲ್ ೨೧

ಈಸ್ಟರ್ ಕಳೆಯಿತು. ಸಬೀನೆಯ ಕಾಗದ: ಸಿಕ್ಕಿತೇ? ಸಿಗದಿದ್ದರೆ ನಾನೇ ಬಂದು ಹುಡುಕುತ್ತೇನೆ. ಜೂನ್‌ನಲ್ಲಿ ಪೆಂಟೆಕೊಸ್ಟ್ ಹಬ್ಬದ ಹಿಂದಿನ ದಿನದ ಗಾಡಿಗೆ ಬರುತ್ತೇನೆ. ಕೊನೆಗೆ ಒಂದು ಸಾಲು — 'ಉಳಿಯಬಹುದೇನೋ, ನೋಡೋಣ.'

ಉಳಿಯಬಹುದೇನೋ! ಈ ಮನೆಯಲ್ಲಿ. ನನ್ನ ಜೊತೆ. ಸಾಲನ್ನು ಎಷ್ಟು ಸಲ ಓದಿದೆನೋ. ಅಕಾಡೆಮಿಯ ತೀರ್ಪೂ ಅದೇ ವಾರ ಬರಬೇಕು.

ಜೂನ್ ೪

ಝೈಡ್ಲರ್ ಪತ್ರಿಕೆ ತಂದ. ಇವತ್ತು ಬಾಗಿಲಲ್ಲಿ ನಿಂತು ಕೂಗಲಿಲ್ಲ. ಮಡಿಸಿ ಮೇಜಿನ ಮೇಲಿಟ್ಟು, ಟೋಪಿ ತೆಗೆದು, ಹೊರಟುಹೋದ. ಅಷ್ಟರಲ್ಲೇ ತಿಳಿಯಿತು.

ಗೆದ್ದ ವಾಕ್ಯ ಬೇರೆ ಯಾರದೋ. ನನ್ನದರ ಬಗ್ಗೆ ಒಂದು ಮಾತಿದೆ: 'ಹುಲ್ಲುಕಡ್ಡಿಯ ವಾಕ್ಯದ ಪ್ರಬಂಧದಲ್ಲಿ ಮೃತ ಬಾಲಕಿಯ ಉದಾಹರಣೆ ಸಭೆಯ ಮನ ಮುಟ್ಟಿತು. ವಾದ ಸಾಲದು.' ಅದರ ಕೆಳಗೆ: 'ಮಿಕ್ಕ ಚೀಟಿಗಳನ್ನು ನಿಯಮದಂತೆ ಒಡೆಯದೆ ಸುಡಲಾಯಿತು.'

ಸಬೀನೆ ಇದನ್ನು ಓದುತ್ತಾಳೆ. ಅವಳ ಅಣ್ಣನ ಮನೆಗೂ ಬರುವ ಪತ್ರಿಕೆ.

ಜೂನ್ ೫, ಬೆಳಿಗ್ಗೆ

ಒಂದು ಕಾಗದ ಅದೇ ಅಳತೆಗೆ ಕತ್ತರಿಸಿದೆ. ಎಡಗೈಯಲ್ಲಿ ಅವಳ ಹೆಸರು ಬರೆದು ನೋಡಿದೆ. ಹೆಬ್ಬೆರಳಿಗೆ ಮಸಿ ಹಚ್ಚಿ ಒತ್ತಿದೆ. ಹೆಬ್ಬೆರಳು ಬಹಳ ದೊಡ್ಡದಾಯಿತು. ಅಸಲಿಗೆ ಅವಳು ಹೇಗೆ ಬರೆದಿದ್ದಳು ಎಂದೇ ನನಗೆ ಗೊತ್ತಿಲ್ಲ, ನಾನು ನೋಡಲೇ ಇಲ್ಲ. ಒಲೆಗೆ ಹಾಕಿದೆ. ಅಷ್ಟು ಚಿಕ್ಕ ಕಾಗದ ಸುಡಲು ಎಷ್ಟು ಹೊತ್ತು? ಇಲ್ಲ ಎನ್ನುವಷ್ಟು.

ಮಧ್ಯಾಹ್ನ, ಎರಡಕ್ಕೆ ಹತ್ತು ನಿಮಿಷ

ಉರ್ಸೆಲ್ ಬಾಗಿಲಿಗೆ ಹಸಿರು ರೆಂಬೆ ಕಟ್ಟಿದ್ದಾಳೆ, ಹಬ್ಬಕ್ಕೆ. ಮಾಂಸದ ಸಾರು ಒಲೆಯ ಮೇಲಿದೆ. ಮೂರು ತಟ್ಟೆ ಇಟ್ಟಳು, ಆಮೇಲೆ ಒಂದನ್ನು ತೆಗೆದಿಟ್ಟಳು. ಅದು ನನ್ನ ಕಣ್ಣಿಗೆ ಬಿತ್ತು.

ಇಡೀ ಬೆಳಿಗ್ಗೆ ಸಬೀನೆಗೆ ಹೇಳುವ ಮಾತು ಹೊಂದಿಸಿದೆ. ಗಾಡಿಯ ಅವಸರ, ಒಂದೇ ಥರದ ಮಡಿಕೆ, ಅಕಾಡೆಮಿಯ ನಿಯಮ — ಎಲ್ಲದಕ್ಕೂ ಕಾರಣವಿದೆ, ಒಂದಕ್ಕೊಂದು ಕೊಂಡಿ ಹಾಕಿದಂತಿದೆ, ಎಲ್ಲೂ ಬಿರುಕಿಲ್ಲ. ಕಾರಣ ಇರುವುದೇ ಬೇರೆ, ಕ್ಷಮೆ ಇರುವುದೇ ಬೇರೆ. ಎಲ್ಲ ಹೊಡೆದುಹಾಕಿದೆ.

ಪೆಟ್ಟಿಗೆ ಮೇಜಿನ ಮೇಲೆ ತೆರೆದೇ ಇದೆ. ಒಳಗೆ ನನ್ನ ಹೆಸರೊಂದೇ.

ಕಹಳೆ. ಸೇತುವೆಯ ಹತ್ತಿರ ಇರಬೇಕು... ಗಾಡಿ ನಿಂತಿತು. ಉರ್ಸೆಲ್ "ಬನ್ನಿ ಅಮ್ಮಾವ್ರೇ" ಎನ್ನುತ್ತಿದ್ದಾಳೆ. ಮೆಟ್ಟಿಲ ಮೇಲೆ ಹೆಜ್ಜೆ, ಅವಳದೇ. ಅಡುಗೆಮನೆಗೆ ತಿರುಗಲಿಲ್ಲ, ನೇರ ಈ ಕೋಣೆಗೇ ಬರುತ್ತಿದ್ದಾಳೆ. ಅವಳು ಪೆಟ್ಟಿಗೆಗೆ ಕೈ ಹಾಕುವ ಮೊದಲು ನಾನೇ ಹೇಳಬೇಕು. ಸಬೀನೆ, ನಾನು ಅವಳನ್ನು ತೆಗೆದಿರಲಿಲ್ಲ. ಸಬೀನೆ, ಆ ಚೀಟಿಯನ್ನು ನಾನು —